ಕಾರ್ಮೆಲ್ ಬೆಟ್ಟ ಹತ್ತಿದ ಮೈಸೂರು ಸವಾರರು

ಜವಾಹರಲಾಲ್ ನೆಹರೂ ವಾಸವಿದ್ದ ದೆಹಲಿಯ ತೀನ್ ಮೂರ್ತಿ ಭವನಕ್ಕೆ ಆ ಹೆಸರು ಬಂದದ್ದು ಎದುರಿನ ವೃತ್ತದಲ್ಲಿರುವ ಮೂವರು ಸೈನಿಕರ ಪ್ರತಿಮೆಗಳಿಂದ. ಶಿಲ್ಪಿ ಲಿಯೊನಾರ್ಡ್ ಜೆನ್ನಿಂಗ್ಸ್ ರೂಪಿಸಿದ ಈ ಸ್ಮಾರಕ 1922ರಲ್ಲಿ ತಲೆಯೆತ್ತಿತು. ಮೂವರಲ್ಲಿ ಒಬ್ಬ ಹೈದರಾಬಾದಿನವ, ಒಬ್ಬ ಜೋಧಪುರದವ, ಇನ್ನೊಬ್ಬ ನಮ್ಮ ಮೈಸೂರಿನವ.

ಮೈಸೂರಿನ ಸವಾರ ಅಲ್ಲಿಗೆ ಬಂದ ದಾರಿ ದೊಡ್ಡದು. ಬ್ರಿಟಿಷರ ಯುದ್ಧಗಳಿಗೆಂದು ದೇಶೀಯ ಸಂಸ್ಥಾನಗಳು ತಮ್ಮದೇ ಖರ್ಚಿನಲ್ಲಿ ಪಡೆ ಸಾಕುವ 'ಇಂಪೀರಿಯಲ್ ಸರ್ವಿಸ್' ಏರ್ಪಾಡು 19ನೇ ಶತಮಾನದ ಕೊನೆಗೆ ಶುರುವಾಯಿತು. ಮೈಸೂರಿನ ಹಳೆಯ ಸಿಲ್ಲೇದಾರ್ ಕುದುರೆ ಪಡೆಯಿಂದ ಲ್ಯಾನ್ಸರ್ಸ್ ದಳ ರೂಪುಗೊಂಡಿತು. 1914ರಲ್ಲಿ ಮಹಾಯುದ್ಧ ಹೊತ್ತಿಕೊಂಡಾಗ ನಾಲ್ವಡಿ ಕೃಷ್ಣರಾಜ ಒಡೆಯರು ಯುದ್ಧನಿಧಿಗೆ 50 ಲಕ್ಷ ರೂಪಾಯಿ ಕೊಟ್ಟರು. ಲ್ಯಾನ್ಸರ್ಸ್ ಕುದುರೆಗಳೊಂದಿಗೆ ಹಡಗು ಹತ್ತಿ ಈಜಿಪ್ಟಿಗೆ ಹೋದರು. ಮೊದಲು ಸೂಯೆಜ್ ಕಾಲುವೆಯ ಕಾವಲು, ಆಮೇಲೆ ಪ್ಯಾಲೆಸ್ಟೈನ್.

1918ರ ಸೆಪ್ಟೆಂಬರ್ 23. ಹೈಫಾ ಬಂದರಿನ ದಾರಿಗೆ ಒಂದು ಕಡೆ ಕಿಶೋನ್ ನದಿ, ಇನ್ನೊಂದು ಕಡೆ ಕಾರ್ಮೆಲ್ ಬೆಟ್ಟ. ಬೆಟ್ಟದ ಮೇಲೆ ಫಿರಂಗಿ, ಇಳಿಜಾರಿನಲ್ಲಿ ಮೆಷಿನ್‌ಗನ್. ಮೈಸೂರಿನ ಒಂದು ತುಕಡಿಗೆ ಕಾರ್ಮೆಲ್ ಏರುವ ಆಜ್ಞೆಯಾಯಿತು. ಕಡಿದಾದ ಕಲ್ಲುದಾರಿಯಲ್ಲಿ ಕುದುರೆಗಳು ಕುಂಟತೊಡಗಿದವು. ಫಿರಂಗಿಗಳ ಮೇಲೆ ಬೀಳುವ ಹೊತ್ತಿಗೆ ಉಳಿದವರು ಬೆರಳೆಣಿಕೆಯ ಸವಾರರು. ಅಷ್ಟೇ ಮಂದಿ ಭರ್ಜಿ ಹಿಡಿದು ನುಗ್ಗಿದರು. ಕೆಳಗೆ ಜೋಧಪುರದವರು, ನದಿದಂಡೆಯ ಹುದುಲಿನಲ್ಲಿ ಮುಂದಿನ ಕುದುರೆಗಳು ಹೂತುಹೋದರೂ ದಿಕ್ಕು ಬದಲಿಸಿ ಊರೊಳಗೆ ನುಗ್ಗಿದರು. ಅವರ ಮೇಜರ್ ದಳಪತ್ ಸಿಂಗ್ ಪ್ರಾಣ ಕೊಟ್ಟರು. ಅಂದೇ ಹೈಫಾ ಕೈವಶವಾಯಿತು, 1,350 ಮಂದಿ ಸೆರೆಸಿಕ್ಕರು. ಮುಂದಿನ ತಿಂಗಳು ಅಲೆಪ್ಪೊ ಬಳಿಯ ಹರಿತಾನ್‌ನಲ್ಲೂ ಮೈಸೂರಿನವರು ರಕ್ತ ಸುರಿಸಿದರು.

ಇಷ್ಟಾದರೂ ಅವರು ಜನರ ನೆನಪಿನಿಂದ ಜಾರಿದರು. ಸಾಮ್ರಾಜ್ಯದ ಚರಿತ್ರೆಗೆ ಅವರು ಸಂಸ್ಥಾನದ ಸಹಾಯಕ ಪಡೆ. ಸ್ವಾತಂತ್ರ್ಯದ ಕಥನಕ್ಕೆ ಪರಕೀಯರಿಗಾಗಿ ಹೋರಾಡಿದವರು. ಸೂಯೆಜ್ ಬಳಿಯ ಪೋರ್ಟ್ ತೌಫಿಕ್‌ನಲ್ಲಿ 1926ರಲ್ಲಿ ಎದ್ದ ಭಾರತೀಯ ಸೈನಿಕರ ಸ್ಮಾರಕ ಮುಂದಿನ ಯುದ್ಧಗಳಲ್ಲಿ ಹಾಳಾಯಿತು. ಅದರ ಬದಲಿಗೆ 1980ರಲ್ಲಿ ಹೆಲಿಯೊಪೊಲಿಸ್‌ನಲ್ಲಿ ಮತ್ತೊಂದು ಬಂತು.

ನೆನಪನ್ನು ಕಾಪಾಡಿದ್ದು ಸೈನ್ಯ. ಮೈಸೂರು ಲ್ಯಾನ್ಸರ್ಸ್ ಸೇರಿದಂತೆ ಸಂಸ್ಥಾನಗಳ ಅಶ್ವದಳಗಳಿಂದ 1953ರಲ್ಲಿ ಹುಟ್ಟಿದ 61ನೇ ಕ್ಯಾವಲ್ರಿ ಇಂದಿಗೂ ಸೆಪ್ಟೆಂಬರ್ 23ನ್ನು ಹೈಫಾ ದಿನವಾಗಿ ಆಚರಿಸುತ್ತದೆ. 2018ರಲ್ಲಿ ದೆಹಲಿಯ ವೃತ್ತಕ್ಕೂ ತೀನ್ ಮೂರ್ತಿ ಹೈಫಾ ಚೌಕ ಎಂಬ ಹೆಸರಾಯಿತು.

ನಮ್ಮಲ್ಲೂ, ಬೆಂಗಳೂರಿನ ಜೆ.ಸಿ. ನಗರದಲ್ಲಿ, ಲ್ಯಾನ್ಸರ್ಸ್ ಸ್ಮಾರಕ ಸ್ತಂಭವಿದೆ. ಸಾಮ್ರಾಜ್ಯವನ್ನು ಒಪ್ಪದೆಯೂ ಸೈನಿಕನನ್ನು ಗೌರವಿಸಬಹುದು. ಯುದ್ಧ ಸಾರಿದವನು ಅವನಲ್ಲ, ಅದರ ಬೆಲೆ ತೆತ್ತವನು ಅವನು. ಅವನ ಕಥೆ ನಮ್ಮ ಶಾಲಾ ಪಠ್ಯಕ್ಕೆ ಬರಬೇಕು, ಸೆಪ್ಟೆಂಬರ್ 23ರಂದು ಆ ಸ್ತಂಭದ ಬಳಿ ಮಕ್ಕಳೂ ಸೇರಬೇಕು. ದಂಡಿಗೆ ಕಳಿಸಿದ ನಾಡು ಅವನಿಗೆ ತೀರಿಸಬೇಕಾದ ಋಣವಿದು.