ಕನ್ನಡನಾಡಿನ ಸ್ತ್ರೀಚರಿತ್ರೆಗೆ ಆಧಾರವಾದ ಗ್ರಂಥಗಳು

ಪೂರ್ವಕಾಲದಲ್ಲಿ ಸ್ತ್ರೀಯರಿಗೆ ಯಾವ ಅಧಿಕಾರವಿದ್ದಿತು, ಯಾವುದು ಇರಲಿಲ್ಲ ಎಂಬ ಪ್ರಶ್ನೆಗೆ ಉತ್ತರ ಹೇಳುವವರಲ್ಲಿ ಎರಡು ಪಕ್ಷಗಳುಂಟು. ಒಂದು ಪಕ್ಷದವರು ಧರ್ಮಶಾಸ್ತ್ರದ ಒಂದೆರಡು ವಚನಗಳನ್ನೆತ್ತಿಕೊಂಡು, ಸ್ತ್ರೀಯರು ಸರ್ವಕಾಲದಲ್ಲಿಯೂ ಪರಾಧೀನರಾಗಿಯೇ ಇದ್ದರೆಂದು ಸಾಧಿಸುವರು. ಮತ್ತೊಂದು ಪಕ್ಷದವರು ಕೆಲವರು ರಾಣಿಯರ ಹೆಸರುಗಳನ್ನು ಹೇಳಿ, ಪೂರ್ವದಲ್ಲಿ ಯಾವ ಕೊರತೆಯೂ ಇರಲಿಲ್ಲವೆಂದು ಸಂತೋಷಪಡುವರು. ಈ ಎರಡು ಪಕ್ಷಗಳಿಗೂ ಸಮಾನವಾದ ದೋಷವೊಂದಿದೆ. ಒಂದೇ ಜಾತಿಯ ಗ್ರಂಥವನ್ನು ಓದಿ, ಉಳಿದವನ್ನು ಬಿಡುವುದೇ ಆ ದೋಷ. ಈ ವಿಷಯಕ್ಕೆ ಕನ್ನಡನಾಡಿನಲ್ಲಿ ದೊರೆಯುವ ಆಧಾರಗಳು ಮುಖ್ಯವಾಗಿ ಮೂರು ಬಗೆಯವು: ಹೀಗೆ ನಡೆಯತಕ್ಕದ್ದೆಂದು ವಿಧಿಸುವ ಶಾಸ್ತ್ರಗ್ರಂಥಗಳು, ಹೀಗೆ ನಡೆಯಿತೆಂದು ಹೇಳುವ ಶಾಸನಗಳು, ಸ್ತ್ರೀಯರು ತಾವೇ ರಚಿಸಿದ ಕೃತಿಗಳು. ಇವುಗಳ ಸ್ವರೂಪವನ್ನೂ, ಒಂದನ್ನೊಂದು ಹೇಗೆ ತಿದ್ದುವುವೆಂಬುದನ್ನೂ ಇಲ್ಲಿ ವಿಚಾರಿಸಲಾಗುವುದು.

ಶಾಸ್ತ್ರವನ್ನು ಚರಿತ್ರೆಗಾಗಿ ಓದುವವರು ಮೀಮಾಂಸಕರ ಎರಡು ನ್ಯಾಯಗಳನ್ನು ನೆನಪಿನಲ್ಲಿಡುವುದು ಯುಕ್ತ. ಸ್ತುತಿನಿಂದಾರೂಪವಾದ ಅರ್ಥವಾದವು ವಿಧಿಯಲ್ಲವೆಂಬುದು ಮೊದಲನೆಯದು. ಪ್ರಾಪ್ತವಾದುದಕ್ಕೆ ಮಾತ್ರವೇ ನಿಷೇಧವುಂಟೆಂಬುದು ಎರಡನೆಯದು. ಯಾರೂ ಮಾಡದಿರುವ ಕಾರ್ಯವನ್ನು ಯಾವ ಶಾಸ್ತ್ರಕಾರನೂ ನಿಷೇಧಿಸುವುದಿಲ್ಲ. ಆದುದರಿಂದ ಸ್ತ್ರೀಯರು ಇಂಥದನ್ನು ಮಾಡಕೂಡದೆಂಬ ವಚನವಿರುವಲ್ಲಿ, ಕೆಲವರಾದರೂ ಅದನ್ನು ಮಾಡುತ್ತಿದ್ದರೆಂದು ಊಹಿಸಲು ಅವಕಾಶವಿದೆ. ವಚನವು ಆಚಾರದ ಚಿತ್ರವಲ್ಲ. ಆಚಾರದೊಡನೆ ನಡೆದ ವಾದದಲ್ಲಿ ಒಂದು ಪಕ್ಷ.

ಈ ವಾದದ ಉತ್ತಮವಾದ ನಿದರ್ಶನವು ಕನ್ನಡನಾಡಿನಲ್ಲಿಯೇ ಹುಟ್ಟಿದ ಗ್ರಂಥವೊಂದರಲ್ಲಿ ದೊರೆಯುವುದು. ಕಲ್ಯಾಣದ ಚಾಲುಕ್ಯ ಚಕ್ರವರ್ತಿಯಾದ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ (ಕ್ರಿ. ಶ. ೧೦೭೬-೧೧೨೬) ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಮಿತಾಕ್ಷರೆಯೆಂಬ ವ್ಯಾಖ್ಯಾನವನ್ನು ರಚಿಸಿದನು. ಆ ಕಲ್ಯಾಣವು ಈಗ ಬೀದರ ಜಿಲ್ಲೆಗೆ ಸೇರಿದ ಬಸವಕಲ್ಯಾಣ. ಸ್ಮೃತಿಕಾರನು ತಂದೆ, ತಾಯಿ, ಪತಿ, ಸಹೋದರರು ಕೊಟ್ಟದ್ದು, ವಿವಾಹಾಗ್ನಿಯ ಸನ್ನಿಧಿಯಲ್ಲಿ ದೊರೆತದ್ದು, ಪತಿಯು ಮತ್ತೊಬ್ಬಳನ್ನು ವಿವಾಹವಾಗುವಾಗ ಮೊದಲನೆಯವಳಿಗೆ ಕೊಟ್ಟದ್ದು ಎಂದು ಸ್ತ್ರೀಧನವನ್ನು ಎಣಿಸಿ, ಕೊನೆಯಲ್ಲಿ 'ಮೊದಲಾದದ್ದು' ಎಂಬ ಅರ್ಥ ಬರುವ ಒಂದು ಪದವನ್ನು ಸೇರಿಸಿರುವನು. ವಿಜ್ಞಾನೇಶ್ವರನು ಆ ಒಂದು ಪದದ ಮೇಲೆ ಮಹತ್ತಾದ ಅರ್ಥವನ್ನು ನಿಲ್ಲಿಸಿದನು. ದಾಯವಾಗಿ ಬಂದದ್ದು, ಕ್ರಯಕ್ಕೆ ಕೊಂಡದ್ದು, ವಿಭಾಗದಲ್ಲಿ ದೊರೆತದ್ದು, ಪರಿಗ್ರಹದಿಂದ ಪಡೆದದ್ದು, ನಿಧಿಯಾಗಿ ಸಿಕ್ಕಿದ್ದು ಇವೆಲ್ಲವೂ ಅದರಲ್ಲಿ ಸೇರುವುವೆಂಬುದು ಆತನ ಮತ. ಸ್ತ್ರೀಧನಶಬ್ದವು ಪಾರಿಭಾಷಿಕವಲ್ಲ, ಯೌಗಿಕ. ಅವಯವಾರ್ಥವು ಹೊಂದುವಲ್ಲಿ ಪರಿಭಾಷೆಯನ್ನು ಕಲ್ಪಿಸುವುದು ಅಯುಕ್ತವೆಂಬುದು ಅದಕ್ಕೆ ಆತನು ಕೊಡುವ ಹೇತು. ಎಂದರೆ, ಸ್ತ್ರೀಯ ಧನವಾದುದೆಲ್ಲವೂ ಸ್ತ್ರೀಧನವೇ. ವಂಗದೇಶದ ಜೀಮೂತವಾಹನನು ದಾಯಭಾಗದಲ್ಲಿ ಇದಕ್ಕೆ ಭಿನ್ನವಾಗಿ, ಪತಿಯ ಅಧೀನವಿಲ್ಲದೆ ಸ್ತ್ರೀಯು ದಾನ, ವಿಕ್ರಯ, ಭೋಗಗಳನ್ನು ಮಾಡಬಲ್ಲ ದ್ರವ್ಯವು ಮಾತ್ರ ಸ್ತ್ರೀಧನವೆಂದು ಸಂಕೋಚಮಾಡಿರುವುದನ್ನು ನೋಡಿದರೆ, ಮಿತಾಕ್ಷರೆಯ ವೈಶಿಷ್ಟ್ಯವು ಸ್ಪಷ್ಟವಾಗುವುದು.

ವಿಧವೆಯ ವಿಷಯದಲ್ಲಿಯೂ ವಿಜ್ಞಾನೇಶ್ವರನು ಪೂರ್ವಪಕ್ಷಗಳನ್ನು ಒಂದೊಂದಾಗಿ ಖಂಡಿಸುವನು. ಧನವು ಯಜ್ಞಕ್ಕಾಗಿ ಹುಟ್ಟಿದ್ದು, ಸ್ತ್ರೀಯರಿಗೆ ಯಜ್ಞಾಧಿಕಾರವಿಲ್ಲದುದರಿಂದ ಧನಾಧಿಕಾರವೂ ಇಲ್ಲವೆಂಬ ವಾದವನ್ನು ಆತನು ಒಪ್ಪಲಿಲ್ಲ. ಯಜ್ಞಕ್ಕಲ್ಲದೆ ದಾನಕ್ಕೂ ಭೋಗಕ್ಕೂ ಧನವು ಬೇಕಷ್ಟೆ. ನಿಯೋಗಕ್ಕೆ ಒಪ್ಪಿದವಳಿಗೆ ಮಾತ್ರ ಪತಿಯ ಧನವು ಸಲ್ಲುವುದೆಂಬ ಧಾರೇಶ್ವರನ ಮತವನ್ನೂ ನಿರಾಕರಿಸಿದನು. ವಿಭಕ್ತನಾಗಿ, ಮರಳಿ ಕೂಡಿಕೊಳ್ಳದೆ, ಅಪುತ್ರನಾಗಿ ಮೃತನಾದವನ ಧನವನ್ನು ಮೊದಲು ಪತ್ನಿಯೇ ಪಡೆಯುವಳೆಂಬುದು ಆತನ ಸಿದ್ಧಾಂತ. ಇದರ ಮಿತಿಯನ್ನೂ ಮರೆಯಲಾಗದು: ಆ ಪತ್ನಿಯು ಸಂಯಮವುಳ್ಳವಳಾಗಿರಬೇಕು, ಅವಿಭಕ್ತ ಕುಟುಂಬದ ವಿಧವೆಗೆ ದೊರೆಯುವುದು ಜೀವನಾಂಶವೇ ಹೊರತು ದಾಯವಲ್ಲ.

ಈ ವ್ಯಾಖ್ಯಾನದ ಮುಂದಿನ ಗತಿಯು ವಿಚಾರಾರ್ಹವಾದುದು. ೧೮೧೦ರಲ್ಲಿ ಕೋಲ್‌ಬ್ರೂಕನು ಮಿತಾಕ್ಷರೆಯ ದಾಯಪ್ರಕರಣವನ್ನು ಇಂಗ್ಲಿಷಿಗೆ ಪರಿವರ್ತಿಸಿದನು. ಅದು ನ್ಯಾಯಸ್ಥಾನಗಳಿಗೆ ಆಕರವಾಯಿತು. ಗ್ರಂಥವು ಕೈಯಲ್ಲಿದ್ದರೂ, ೧೯ನೆಯ ಶತಮಾನದಲ್ಲಿ ಲಂಡನ್ನಿನ ಪ್ರೀವಿ ಕೌನ್ಸಿಲು, ವಿಧವೆಯು ಪತಿಯಿಂದ ದಾಯವಾಗಿ ಪಡೆದ ಆಸ್ತಿಯು ಆಕೆಯ ಸ್ತ್ರೀಧನವಲ್ಲವೆಂದೂ, ಅದರಲ್ಲಿ ಆಕೆಗೆ ಜೀವಿತಾವಧಿಯ ಪರಿಮಿತವಾದ ಹಕ್ಕು ಮಾತ್ರವೆಂದೂ ತೀರ್ಮಾನಿಸಿತು. ಕಲ್ಯಾಣದ ಪಂಡಿತನು ವಿಸ್ತರಿಸಿದ ಅರ್ಥವು ಹೀಗೆ ಮರಳಿ ಕುಗ್ಗಿತು. ಮೈಸೂರು ಸಂಸ್ಥಾನದಲ್ಲಿ ೧೯೩೩ರ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯಿದೆಯು, ವಿಭಾಗಕಾಲದಲ್ಲಿ ತಾಯಿ, ಅವಿವಾಹಿತ ಪುತ್ರಿ ಮೊದಲಾದವರಿಗೆ ಅಂಶವನ್ನೂ, ಕೆಲವು ನಿಬಂಧನೆಗಳೊಡನೆ ದಾಯಾಗತ ದ್ರವ್ಯಕ್ಕೆ ಸ್ತ್ರೀಧನತ್ವವನ್ನೂ ಕೊಟ್ಟಿತು. ೧೯೫೬ರ ಹಿಂದೂ ಉತ್ತರಾಧಿಕಾರ ಕಾಯಿದೆಯ ೧೪ನೆಯ ಪ್ರಕರಣವು ಸ್ತ್ರೀಯನ್ನು ತನ್ನ ಆಸ್ತಿಗೆ ಪೂರ್ಣಸ್ವಾಮಿನಿಯನ್ನಾಗಿ ಮಾಡಿತು. ೧೯೯೪ರಲ್ಲಿ ಕರ್ನಾಟಕವೂ, ೨೦೦೫ರಲ್ಲಿ ಇಡೀ ದೇಶವೂ ಪುತ್ರಿಗೆ ಪುತ್ರನಂತೆ ಜನ್ಮಸಿದ್ಧವಾದ ಅಂಶವನ್ನು ಒಪ್ಪಿದುವು. ಒಂದು ಪದದ ಅರ್ಥವನ್ನು ಯಾರು ಓದುವರು, ಯಾರ ಹಿತಕ್ಕಾಗಿ ಓದುವರು ಎಂಬುದರಿಂದ ಎಷ್ಟು ಮನೆಗಳ ಸುಖದುಃಖಗಳು ನಿರ್ಣಯವಾಗುವುವೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷ್ಯವು ಬೇಕಾಗಿಲ್ಲ.

ಎರಡನೆಯ ಬಗೆಯ ಆಧಾರಗಳಾದ ಶಾಸನಗಳಿಗೆ ಬಂದರೆ, ಶಾಸ್ತ್ರದಲ್ಲಿ ಕಾಣದ ವ್ಯಕ್ತಿಗಳು ಕಣ್ಣಿಗೆ ಬೀಳುವರು. ೧೦ನೆಯ ಶತಮಾನದ ಆರಂಭದಲ್ಲಿ, ನಾಗರಖಂಡ ಎಪ್ಪತ್ತರ ನಾಳ್ಗಾವುಂಡನಾಗಿದ್ದ ಪತಿಯು ಮೃತನಾಗಲು, ರಾಷ್ಟ್ರಕೂಟರ ಆಳಿಕೆಯಲ್ಲಿ ಆ ಪದವಿಯು ಪತ್ನಿಯಾದ ಜಕ್ಕಿಯಬ್ಬೆಗೆ ದೊರೆಯಿತು. ಆಕೆಯು ನಾಡನ್ನು ಸಮರ್ಥಳಾಗಿ ಆಳಿ, ಕೊನೆಗೆ ಬಂದಳಿಕೆಯಲ್ಲಿ ವ್ರತದಿಂದ ದೇಹತ್ಯಾಗ ಮಾಡಿದಳು. ಚಾಲುಕ್ಯ ಜಯಸಿಂಹನ ಸೋದರಿಯಾದ ಅಕ್ಕಾದೇವಿಯು ಕಿಸುಕಾಡು ಎಪ್ಪತ್ತು ಮೊದಲಾದ ನಾಡುಗಳನ್ನು ಆಳಿದುದಲ್ಲದೆ, ೧೦೪೭ರಲ್ಲಿ ಗೋಕಾಗೆಯ ಕೋಟೆಯನ್ನು ಮುತ್ತಿದ್ದಳು. ಅತ್ತಿಮಬ್ಬೆಯ ಚರಿತ್ರೆಯು ಇನ್ನೂ ಬೋಧಪ್ರದವಾದುದು. ಆಕೆಯೂ ತಂಗಿ ಗುಂಡಮಬ್ಬೆಯೂ ನಾಗದೇವನ ಪತ್ನಿಯರು. ಪತಿಯು ಯುದ್ಧದಲ್ಲಿ ಮಡಿಯಲು, ತಂಗಿಯು ಸಹಗಮನ ಮಾಡಿದಳು, ಅಕ್ಕನು ಬದುಕಿ, ಮಗನನ್ನು ಸಲಹಿ, ಪೊನ್ನನ ಶಾಂತಿಪುರಾಣದ ಸಾವಿರ ಪ್ರತಿಗಳನ್ನು ಬರೆಯಿಸಿ ಹಂಚಿದಳು, ರನ್ನನಿಂದ ಅಜಿತಪುರಾಣವನ್ನು (ಕ್ರಿ. ಶ. ೯೯೩) ರಚಿಸಿಸಿ, ಲಕ್ಕುಂಡಿಯಲ್ಲಿ ಜಿನಾಲಯವನ್ನು ಕಟ್ಟಿಸಿದಳು. ಒಂದೇ ಮನೆಯಲ್ಲಿ, ಒಂದೇ ದುಃಖದಲ್ಲಿ, ಇಬ್ಬರು ಸ್ತ್ರೀಯರು ಎರಡು ಮಾರ್ಗಗಳನ್ನು ಹಿಡಿದರು. ಲೋಕವು ಎರಡನ್ನೂ ಗೌರವಿಸಿತು. ವಿಧವೆಗೆ ಒಂದೇ ಗತಿಯಿದ್ದಿತೆಂಬ ಮಾತು ಇದರಿಂದ ನಿಲ್ಲದೆ ಹೋಗುವುದು.

ಆದರೆ ಶಾಸನಗಳನ್ನೂ ಎಚ್ಚರದಿಂದಲೇ ಓದತಕ್ಕದ್ದು. ಪ್ರಶಸ್ತಿಭಾಗದ ವಿಶೇಷಣಗಳು ಬಹುಮಟ್ಟಿಗೆ ರೂಢಿಯ ಮಾತುಗಳು. ಯಾರಿಗೆ ಏನನ್ನು ಕೊಟ್ಟರು, ಯಾರು ಕೊಟ್ಟರು ಎಂಬ ಭಾಗವೇ ಪ್ರಬಲ ಪ್ರಮಾಣ. ಆದರೂ ಬಿರುದು ಕೂಡ ಒಮ್ಮೊಮ್ಮೆ ಅಂತಃಪುರದ ಬಾಗಿಲನ್ನು ತೆರೆಯುವುದು. ಹೊಯ್ಸಳ ವಿಷ್ಣುವರ್ಧನನ ರಾಣಿ ಶಾಂತಲದೇವಿಯು ೧೧೨೩ರಲ್ಲಿ ಶ್ರವಣಬೆಳಗೊಳದಲ್ಲಿ ಕಟ್ಟಿಸಿದ ಬಸದಿಗೆ ಸವತಿಗಂಧವಾರಣ ಬಸದಿಯೆಂದು ಹೆಸರು. ಸವತಿಯರಿಗೆ ಮದಗಜಪ್ರಾಯಳೆಂಬುದು ಆ ಬಿರುದಿನ ಅರ್ಥ. ನೃತ್ಯಗೀತಗಳಲ್ಲಿ ನಿಪುಣೆಯಾಗಿ, ದೇವಾಲಯಗಳನ್ನು ಕಟ್ಟಿಸುವ ಶಕ್ತಿಯುಳ್ಳ ಪಟ್ಟಮಹಿಷಿಯೂ ಸವತಿಯರ ನಡುವೆ ತನ್ನ ಸ್ಥಾನವನ್ನು ಕಾಯ್ದುಕೊಳ್ಳಬೇಕಾಗಿದ್ದಿತು. ಆಕೆಯು ೧೧೩೧ರಲ್ಲಿ ಬೆಂಗಳೂರಿಗೆ ಸಮೀಪವಾದ ಶಿವಗಂಗೆಯಲ್ಲಿ ಮುಡಿಪಿದಳು. ಇಷ್ಟಾದರೂ ಶಾಸನಗಳು ಹೇಳುವುದು ರಾಣಿಯರು, ಅಧಿಕಾರಿಗಳ ಪತ್ನಿಯರು, ದಾನಿಗಳಾದ ಸ್ತ್ರೀಯರ ವಿಷಯವನ್ನು. ದಾನ ಮಾಡಲು ಏನೂ ಇಲ್ಲದವಳ ಹೆಸರು ಕಲ್ಲಿನಲ್ಲಿ ವಿರಳ.

ಮೂರನೆಯ ಬಗೆಯಲ್ಲಿ ಮುಖ್ಯವಾದ ಕೃತಿಯು ಸಂಚಿಯ ಹೊನ್ನಮ್ಮನ 'ಹದಿಬದೆಯ ಧರ್ಮ'. ಎಳಂದೂರಿನವಳಾದ ಈಕೆಯು ಚಿಕದೇವರಾಜ ಒಡೆಯರ (ಆಳಿಕೆ ೧೬೭೩-೧೭೦೪) ಅರಮನೆಯಲ್ಲಿ ಎಲೆಯಡಕೆಯ ಸಂಚಿಯನ್ನು ಹಿಡಿಯುವ ಊಳಿಗದವಳಾಗಿದ್ದು, ಸಿಂಗರಾರ್ಯನಲ್ಲಿ ವಿದ್ಯೆಯನ್ನು ಕಲಿತಳು. ಹದಿಬದೆಯೆಂಬುದು ಪತಿವ್ರತಾಶಬ್ದದ ತದ್ಭವ. ಒಂಬತ್ತು ಸಂಧಿಗಳ ಈ ಸಾಂಗತ್ಯವು ಹೆಸರಿಗೆ ತಕ್ಕಂತೆ ಪತಿವ್ರತೆಯ ಕರ್ತವ್ಯಗಳನ್ನು ಉಪದೇಶಿಸುವುದು. ಮನು ಮೊದಲಾದವರ ಮಾರ್ಗವನ್ನು ಎಲ್ಲಿಯೂ ಪ್ರತಿಭಟಿಸುವುದಿಲ್ಲ. ಹೀಗಿದ್ದರೂ, ಅದೇ ಶಾಸ್ತ್ರವು ಊಳಿಗದ ಸ್ತ್ರೀಯೊಬ್ಬಳ ಬಾಯಲ್ಲಿ ಬಂದಾಗ ಅದರ ಧ್ವನಿಯು ಬೇರೆಯಾಗುವುದು. ಗಂಡು ಹುಟ್ಟಿದರೆ ಹಿಗ್ಗಿ, ಹೆಣ್ಣು ಹುಟ್ಟಿದರೆ ಕುಗ್ಗುವವರನ್ನು ಆಕೆಯು ನೇರವಾಗಿ ಪ್ರಶ್ನಿಸುವಳು. ಹಳಿಯುವವನನ್ನು ಹೆತ್ತು ಸಾಕಿದವಳೂ ಹೆಣ್ಣೇ ಎಂದು ನೆನಪಿಸುವಳು. ಶಾಸ್ತ್ರಕಾರನು ಹೊರಗೆ ನಿಂತು ವಿಧಿಸಿದ ಧರ್ಮವನ್ನು ಈಕೆಯು ಅದನ್ನು ಆಚರಿಸಬೇಕಾದವರ ಕಡೆಯಿಂದ ನೋಡಿದಳು. ಅದೇ ಆಸ್ಥಾನದಲ್ಲಿ ಶೃಂಗಾರಮ್ಮನು 'ಪದ್ಮಿನೀಕಲ್ಯಾಣ'ವನ್ನೂ, ಅನಂತರಕಾಲದಲ್ಲಿ ರಾಣಿ ಚೆಲುವಾಂಬೆಯು 'ವರನಂದೀಕಲ್ಯಾಣ'ವನ್ನೂ ರಚಿಸಿದುದರಿಂದ, ಹೊನ್ನಮ್ಮನು ಒಂಟಿಯಾದ ಅಪವಾದವಲ್ಲವೆಂದು ತಿಳಿಯುವುದು.

ಮುದ್ರಣಯುಗದಲ್ಲಿ ಈ ಪರಂಪರೆಯು ಬೇರೆ ರೂಪವನ್ನು ತಾಳಿತು. ಬಾಲ್ಯದಲ್ಲಿಯೇ ವಿಧವೆಯಾದ ನಂಜನಗೂಡಿನ ತಿರುಮಲಾಂಬಾ ಅವರು (೧೮೮೭-೧೯೮೨) ೧೯೧೩ರಲ್ಲಿ 'ಸತೀಹಿತೈಷಿಣೀ' ಗ್ರಂಥಮಾಲೆಯನ್ನು ಆರಂಭಿಸಿ, ಅನಂತರ 'ಕರ್ನಾಟಕ ನಂದಿನಿ', 'ಸನ್ಮಾರ್ಗದರ್ಶಿನಿ' ಎಂಬ ಪತ್ರಿಕೆಗಳನ್ನು ನಡೆಸಿದರು. ೧೯೨೧ರಲ್ಲಿ ಬೆಂಗಳೂರಿನಲ್ಲಿ ಆರ್. ಕಲ್ಯಾಣಮ್ಮನವರ 'ಸರಸ್ವತಿ' ಪತ್ರಿಕೆಯು ಹೊರಟಿತು. ಹಿಂದೆ ಹೊನ್ನಮ್ಮನಿಗೆ ಅರಮನೆಯ ಆಶ್ರಯವು ಬೇಕಾಗಿದ್ದಿತು. ಇವರಿಗೆ ಆಶ್ರಯವಾದವರು ಚಂದಾದಾರರು. ಸ್ತ್ರೀಯು ಬರೆದುದನ್ನು ಸ್ತ್ರೀಯೇ ಅಚ್ಚುಹಾಕಿಸಿ ಸ್ತ್ರೀಯರಿಗೆ ತಲಪಿಸುವ ಮಾರ್ಗವು ಇಲ್ಲಿಂದ ತೆರೆಯಿತು. ಆದರೆ ಚಂದಾದಾರರ ಆಶ್ರಯವು ಅಲ್ಪಾಯುಸ್ಸಿನದು; ತಾಳೆಗರಿಗಿಂತ ಬೇಗನೆ ಹಳೆಯ ಮಾಸಪತ್ರಿಕೆಗಳು ನಾಶವಾಗುವುವು.

ಆದುದರಿಂದಲೇ ಗ್ರಂಥಗಳನ್ನು ರಚಿಸಿದವರಷ್ಟೇ ಅವನ್ನು ಕಾಪಾಡಿದವರೂ ಸ್ಮರಣೀಯರು. ಬೆಂಗಳೂರಿನ ಜಯನಗರದಲ್ಲಿ ೧೯೭೩ರಲ್ಲಿ ಆರಂಭವಾದ ಎನ್. ಎಮ್. ಕೆ. ಆರ್. ವಿ. ಮಹಿಳಾ ಕಾಲೇಜಿನ ಮೊದಲ ಪ್ರಾಂಶುಪಾಲರಾದ ಚಿ. ನ. ಮಂಗಳಾ ಅವರು 'ಶಾಶ್ವತಿ'ಯೆಂಬ ಸ್ತ್ರೀ ಅಧ್ಯಯನ ಸಂಸ್ಥೆಯನ್ನು ನೆಲೆಗೊಳಿಸಿದರು. ಅಲ್ಲಿಂದ ಲೇಖಕಿಯರಿಗೆ ತಿರುಮಲಾಂಬಾ ಅವರ ಹೆಸರಿನಲ್ಲಿ ಪ್ರಶಸ್ತಿಯು ಸಲ್ಲುತ್ತ ಬಂದಿತು. ಮರೆವಿಗೆ ಸಂದಿದ್ದ ಹೆಸರೊಂದು ಹೀಗೆ ಮರಳಿ ಜನರ ನಾಲಗೆಯ ಮೇಲೆ ಬಂದುದು ಸಣ್ಣ ಕಾರ್ಯವಲ್ಲ.

ಈ ಮೂರು ಬಗೆಯ ಆಧಾರಗಳನ್ನು ಒಟ್ಟಿಗೆ ಇಟ್ಟು ನೋಡಿದರೆ ತೀರ್ಮಾನವು ಹೀಗಾಗುವುದು: ಶಾಸ್ತ್ರದಿಂದ ಹಕ್ಕಿನ ಮಿತಿಯೂ ಅದನ್ನು ಕುರಿತ ವಾದವೂ ತಿಳಿಯುವುವು, ಶಾಸನದಿಂದ ಆ ಮಿತಿಯನ್ನು ಯಾರು ದಾಟಿದರೆಂಬುದು ತಿಳಿಯುವುದು, ಆ ಮಿತಿಯೊಳಗೆ ಬಾಳುವುದು ಹೇಗಿದ್ದಿತೆಂಬುದು ಸ್ತ್ರೀಯರ ಕೃತಿಗಳಿಂದಲ್ಲದೆ ತಿಳಿಯದು. ಇವುಗಳಲ್ಲಿ ಮೂರನೆಯದೇ ಅತ್ಯಲ್ಪವಾಗಿ ಉಳಿದಿರುವುದು. ಜಯನಗರ, ಬನಶಂಕರಿ ಮೊದಲಾದ ಬಡಾವಣೆಗಳ ಹಳೆಯ ಮನೆಗಳನ್ನು ಕೆಡವಿ ಹೊಸದನ್ನು ಕಟ್ಟುವವರು, ಅಟ್ಟದ ಮೇಲಿನ ಪೆಟ್ಟಿಗೆಯಲ್ಲಿ ಅಜ್ಜಿಯರ ಹಾಡಿನ ಪುಸ್ತಕ, ಲೆಕ್ಕದ ವಹಿ, ಕಾಗದಪತ್ರಗಳು ಸಿಕ್ಕಿದರೆ, ತೂಕಕ್ಕೆ ಹಾಕುವ ಮುನ್ನ ಒಮ್ಮೆ ಬಿಚ್ಚಿ ನೋಡುವುದು ಒಳ್ಳೆಯದು. ಅರಮನೆಯ ಸಂಚಿಯವಳ ಕೃತಿಯು ಉಳಿದುದರಿಂದ ಆ ಕಾಲದ ಒಂದು ಧ್ವನಿಯು ಕೇಳಿಸುತ್ತಿದೆ. ಉಳಿಯದೆ ಹೋದ ಪುಸ್ತಕಗಳ ಸ್ಥಾನವನ್ನು ಯಾವ ವ್ಯಾಖ್ಯಾನವೂ ತುಂಬಲಾರದು.