ಮಂಡಿ ಊತಕ್ಕೆಲ್ಲ ಸಿಮೆಂಟ್ ನೆಲವೇ ಕಾರಣವಲ್ಲ!

ಜಾಲಹಳ್ಳಿ ಕ್ರಾಸಿನಲ್ಲಿ ನಿಂತು ಮಂಡಿನೋವಿಗೆ ಕಾರಣ ಕೇಳಿದರೆ ಹತ್ತು ಜನ ಹತ್ತು ಕಾರಣ ಹೇಳುತ್ತಾರೆ. ಪೀಣ್ಯದ ಶೆಡ್ಡಿನಲ್ಲಿ ಎಂಟು ಗಂಟೆ ನಿಂತು ಲೇತ್ ತಿರುಗಿಸುವವನಿಗೆ ಸಿಮೆಂಟ್ ನೆಲ ಕಾರಣ. ಅಂಗಡಿಯವರಿಗೆ ಬೆಳಗಿನಿಂದ ರಾತ್ರಿವರೆಗೆ ಗಲ್ಲಾಪೆಟ್ಟಿಗೆ ಮುಂದೆ ನಿಲ್ಲುವುದು ಕಾರಣ. ಬಸ್ಸಿನಲ್ಲಿ ಓಡಾಡುವವರಿಗೆ ಫುಟ್‌ಬೋರ್ಡು, ೨೦೧೫ರ ಮೇ ತಿಂಗಳಲ್ಲಿ ಇಲ್ಲಿ ಮೆಟ್ರೋ ನಿಲ್ದಾಣ ತೆರೆದ ಮೇಲೆ ಅದರ ಮೆಟ್ಟಿಲು. ೧೯೫೩ರಲ್ಲಿ ಎಚ್.ಎಂ.ಟಿ., ಮರುವರ್ಷ ಬಿ.ಇ.ಎಲ್. ಹುಟ್ಟಿದ ಕಾಲದಿಂದಲೂ ಈ ಸೀಮೆಯಲ್ಲಿ ಮಂಡಿನೋವನ್ನು ದುಡಿಮೆಯ ಖಾತೆಗೆ ಬರೆಯುವುದು ರೂಢಿ. ಬಹುಪಾಲು ಅದು ನಿಜವೂ ಹೌದು.

ಎಡವಟ್ಟಾಗುವುದು ಇಲ್ಲೇ. ಎಲ್ಲರ ಮಂಡಿಗೂ ಒಂದು ಕಾರಣ ಸಿದ್ಧವಾಗಿರುವ ಊರಿನಲ್ಲಿ, ಯಾವ ಕಾರಣವೂ ಇಲ್ಲದೆ ಊದಿಕೊಳ್ಳುವ ಮಂಡಿಯನ್ನು ಯಾರೂ ಗಮನಿಸುವುದಿಲ್ಲ.

ಮೂವತ್ತರ ಆಸುಪಾಸಿನ ಕಾರ್ಮಿಕನೊಬ್ಬನನ್ನು ಊಹಿಸಿಕೊಳ್ಳಿ. ಬಿದ್ದಿಲ್ಲ, ಪೆಟ್ಟು ತಗುಲಿಲ್ಲ. ಒಂದೇ ಮಂಡಿ ಊದಿಕೊಳ್ಳುತ್ತದೆ. ಎರಡು ವಾರ ಇದ್ದು ಇಳಿಯುತ್ತದೆ, ತಿಂಗಳು ಬಿಟ್ಟು ಮತ್ತೆ ಬರುತ್ತದೆ. ನೋವಿಗಿಂತ ಊತವೇ ಜಾಸ್ತಿ. ಕೆಲವು ಸಲ ಕಾಲು ಮಡಿಸಿದರೆ ನೀಡಲಾಗದೆ ಕಚ್ಚಿಕೊಳ್ಳುತ್ತದೆ. ಟೀ ಅಂಗಡಿಯಲ್ಲಿ ಹೇಳಿದರೆ "ವಾಯು ಕಣಪ್ಪಾ, ಆಲೂಗಡ್ಡೆ ಬಿಡು" ಅನ್ನುತ್ತಾರೆ. ಮೆಡಿಕಲ್ ಸ್ಟೋರಿನವರು ನೋವಿನ ಮಾತ್ರೆ ಕೊಡುತ್ತಾರೆ. ಅದಾದ ಮೇಲೆ ಪುತ್ತೂರು ಕಟ್ಟು, ಎಣ್ಣೆ, ನೀವುವುದು. ಹೀಗೇ ಎರಡು ವರ್ಷ ಕಳೆದುಹೋಗುವುದು ಏನೂ ಕಷ್ಟವಲ್ಲ.

ಇಂಥ ಊತದ ಹಿಂದೆ ಅಪರೂಪಕ್ಕೆ ಅಡಗಿರುವ ವ್ಯಾಧಿಯೊಂದಿದೆ. ಹೆಸರು ಬಾಯಿ ತುಂಬುವಷ್ಟು ಉದ್ದ: ಪಿಗ್ಮೆಂಟೆಡ್ ವಿಲ್ಲೋನಾಡ್ಯುಲರ್ ಸೈನೋವೈಟಿಸ್. ಚಿಕ್ಕದಾಗಿ ಪಿ.ವಿ.ಎನ್.ಎಸ್. ಈ ಹೆಸರಿಟ್ಟವರು ನ್ಯೂಯಾರ್ಕಿನ ಜಾಫೆ, ಲಿಕ್ಟೆನ್‌ಸ್ಟೈನ್ ಮತ್ತು ಸೂಟ್ರೋ ಎಂಬ ಮೂವರು ವೈದ್ಯರು, ೧೯೪೧ರಲ್ಲಿ. ೨೦೧೩ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಪಟ್ಟಿಯಲ್ಲಿ ಇದನ್ನು ಟೀನೋಸೈನೋವಿಯಲ್ ಜೈಂಟ್ ಸೆಲ್ ಟ್ಯೂಮರ್ ಎಂಬ ಹೆಸರಿನಡಿ ಸೇರಿಸಲಾಯಿತು. ಹಳೆಯ ಹೆಸರೇ ಹಲವರ ನಾಲಗೆಯ ಮೇಲಿದೆ. ಟ್ಯೂಮರ್ ಎಂಬ ಮಾತು ಕೇಳಿ ಹೌಹಾರಬೇಕಿಲ್ಲ, ಇದು ಕ್ಯಾನ್ಸರ್ ಅಲ್ಲ. ಕ್ಯಾನ್ಸರಾಗಿ ತಿರುಗುವುದು ಅತ್ಯಂತ ವಿರಳ. ಹಾಗೆಂದು ಬಿಟ್ಟರೆ ಸುಮ್ಮನಿರುವ ಜಾತಿಯೂ ಅಲ್ಲ.

ಕೀಲಿನೊಳಗೆ ಗೋಡೆಗೆ ಸುಣ್ಣ ಬಳಿದಂತೆ ತೆಳ್ಳನೆಯ ಒಳಪೊರೆಯೊಂದಿರುತ್ತದೆ. ಕೀಲು ಸವೆಯದಂತೆ ನುಣುಪು ರಸ ಒದಗಿಸುವುದು ಅದರ ಕೆಲಸ. ಈ ವ್ಯಾಧಿಯಲ್ಲಿ ಆ ಪೊರೆಯೇ ದಪ್ಪಗಾಗಿ, ಪಾಚಿಯ ಎಳೆಗಳಂತೆ, ಸಣ್ಣ ಗಂಟುಗಳಂತೆ ಬೆಳೆಯುತ್ತದೆ. ಬೆಳೆದದ್ದು ಮೆತ್ತಗಿರುವುದರಿಂದ ಓಡಾಡುವಾಗ ಜಜ್ಜಿ ಆಗಾಗ ರಕ್ತ ಜಿನುಗುತ್ತದೆ. ರಕ್ತದಲ್ಲಿರುವ ಕಬ್ಬಿಣ ಅಲ್ಲೇ ಕೂತು ಪೊರೆಗೆ ಕಂದು ಬಣ್ಣ ಬರುತ್ತದೆ. ಪೀಣ್ಯದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ, ತುಕ್ಕು ಎಂದರೆ ಸಾಕು.

ಇದು ಯಾಕೆ ಬೆಳೆಯುತ್ತದೆ ಎಂಬುದರ ಎಳೆ ಸಿಕ್ಕಿದ್ದು ೨೦೦೬ರಲ್ಲಿ. ಪೊರೆಯ ಕೆಲವೇ ಜೀವಕೋಶಗಳಲ್ಲಿ ವರ್ಣತಂತುಗಳ ತುಂಡು ಅದಲುಬದಲಾಗಿ, ಸಿ.ಎಸ್.ಎಫ್.-೧ ಎಂಬ ವಸ್ತು ಮಿತಿಮೀರಿ ತಯಾರಾಗುತ್ತದೆ. ಆ ವಸ್ತು ರಕ್ತದ ಕಸ ತಿನ್ನುವ ಕೋಶಗಳಿಗೆ ಕೂಗು ಹಾಕಿದಂತೆ. ಅವು ಬಂದು ಮುತ್ತಿಕೊಳ್ಳುತ್ತವೆ. ಗಡ್ಡೆಯ ಬಹುಭಾಗ ಹೀಗೆ ಬಂದು ಸೇರಿದ ಗುಂಪೇ. ಸರ್ಕಲ್ಲಿನಲ್ಲಿ ಜಗಳ ಇಬ್ಬರದು, ರಸ್ತೆ ಬಂದ್ ಮಾಡಿದ್ದು ನೋಡಲು ಬಂದ ಇನ್ನೂರು ಜನ ಎಂಬಂತೆ! ಅಂತೂ ಸಿಮೆಂಟ್ ನೆಲಕ್ಕೂ ಆಲೂಗಡ್ಡೆಗೂ ಇದಕ್ಕೂ ಸಂಬಂಧವಿಲ್ಲ.

ಬರುವವರು ಹೆಚ್ಚಾಗಿ ಇಪ್ಪತ್ತರಿಂದ ಐವತ್ತರೊಳಗಿನ ದುಡಿಯುವ ವಯಸ್ಸಿನವರು, ಗಂಡಸರು ಹೆಂಗಸರು ಇಬ್ಬರೂ. ಹರಡಿಕೊಳ್ಳುವ ಬಗೆಗೆ ಮಂಡಿಯೇ ಮೊದಲ ಗುರಿ, ಆಮೇಲೆ ಸೊಂಟದ ಕೀಲು, ಹಿಮ್ಮಡಿಯ ಕೀಲು. ಬೆರಳಿನ ಸ್ನಾಯುರಜ್ಜಿನ ಮೇಲೆ ಗಟ್ಟಿಯಾಗಿ ಕೂರುವ ಸಣ್ಣ ಗಂಟು ಇದರದೇ ಸೌಮ್ಯ ತಮ್ಮ. ೧೯೮೦ರಲ್ಲಿ ಅಮೆರಿಕದಲ್ಲಿ ಪ್ರಕಟವಾದ ಲೆಕ್ಕದಂತೆ ಈ ವ್ಯಾಧಿ ವರ್ಷಕ್ಕೆ ಹತ್ತು ಲಕ್ಷ ಜನರಲ್ಲಿ ಇಬ್ಬರಿಗಿಂತ ಕಡಿಮೆ. ಈಚಿನ ಯುರೋಪಿನ ಲೆಕ್ಕ ಅದಕ್ಕಿಂತ ಜಾಸ್ತಿ ಹೇಳುತ್ತದೆ. ಏನೇ ಆಗಲಿ, ಬಡಾವಣೆಯ ಕ್ಲಿನಿಕ್ಕಿನ ಡಾಕ್ಟರು ತಮ್ಮ ಇಡೀ ಸರ್ವೀಸಿನಲ್ಲಿ ಒಂದನ್ನೂ ನೋಡದಿರಬಹುದು. ಆದ್ದರಿಂದ ಅವರನ್ನು ದೂರುವುದು ನ್ಯಾಯವಲ್ಲ.

ಹಾಗಾದರೆ ಪತ್ತೆ ಹೇಗೆ? ಮೊದಲ ಸುಳಿವು ಸಿರಿಂಜಿನಲ್ಲೇ ಸಿಗಬಹುದು. ಊದಿದ ಮಂಡಿಯಿಂದ ನೀರು ತೆಗೆದಾಗ ಅದು ಹುಲ್ಲಿನ ಹಳದಿ ಬಣ್ಣದಲ್ಲಿರಬೇಕು. ಪೆಟ್ಟೇ ಬೀಳದವನ ಮಂಡಿಯಿಂದ ಕಾಫಿ ಡಿಕಾಕ್ಷನ್ನಿನಂಥ ಕಂದು ನೀರೋ, ಕೆಂಪು ನೀರೋ ಬಂದರೆ ಅದನ್ನು ಬಕೆಟ್ಟಿಗೆ ಚೆಲ್ಲಿ, ಸ್ಟೀರಾಯ್ಡ್ ಸೂಜಿ ಚುಚ್ಚಿ ಕಳಿಸುವುದಲ್ಲ, ಪರೀಕ್ಷೆಗೆ ಕಳಿಸಬೇಕು. "ನೀರಿನ ಬಣ್ಣ ಏನಿತ್ತು ಡಾಕ್ಟ್ರೇ?" ಎಂದು ಕೇಳುವ ಹಕ್ಕು ರೋಗಿಗೂ ಇದೆ. ಹುಟ್ಟಿನಿಂದ ರಕ್ತ ಹೆಪ್ಪುಗಟ್ಟದ ಹಿಮೋಫಿಲಿಯಾ ಇದ್ದವರಿಗೂ, ರಕ್ತ ತೆಳು ಮಾಡುವ ಮಾತ್ರೆ ನುಂಗುವವರಿಗೂ ಕೀಲಿನಲ್ಲಿ ರಕ್ತ ಸೇರಬಹುದು. ಅದನ್ನೂ ನೋಡಬೇಕಾಗುತ್ತದೆ. ಹಾಗೆಯೇ ನೀರು ಹಳದಿ ಇದ್ದ ಮಾತ್ರಕ್ಕೆ ಈ ವ್ಯಾಧಿ ಇಲ್ಲವೆಂದೂ ಹೇಳಲಾಗದು.

ನಮ್ಮ ದೇಶದಲ್ಲಿ ಇನ್ನೊಂದು ತೊಡಕುಂಟು. ಒಂದೇ ಕೀಲು ತಿಂಗಳುಗಟ್ಟಲೆ ಊದಿದ್ದರೆ ವೈದ್ಯರಿಗೆ ಮೊದಲು ಹೊಳೆಯುವುದು ಕೀಲಿನ ಕ್ಷಯ. ಹೊಳೆಯಲೇಬೇಕು, ಏಕೆಂದರೆ ಇಲ್ಲಿ ಅದೇ ಹೆಚ್ಚು. ಆದರೆ ಪೊರೆಯ ಚೂರು ತೆಗೆದು ನೋಡದೆ ಬರೀ ಅಂದಾಜಿನ ಮೇಲೆ ತಿಂಗಳುಗಟ್ಟಲೆ ಟಿ.ಬಿ. ಮಾತ್ರೆ ನುಂಗಿಸಿದರೆ, ಇಲ್ಲದ ಕಾಯಿಲೆಗೆ ಔಷಧ, ಇರುವ ಕಾಯಿಲೆಗೆ ಸಮಯ.

ಎಕ್ಸ್‌ರೇಯಲ್ಲಿ ಮೊದಮೊದಲು ಏನೂ ಕಾಣುವುದಿಲ್ಲ. ಎಲುಬು ಕೊರೆದ ಮೇಲೆ ಕಂಡರೆ ಆಗ ತಡವಾಗಿರುತ್ತದೆ. ನೆರವಿಗೆ ಬರುವುದು ಎಂ.ಆರ್.ಐ. ಅದು ಅಯಸ್ಕಾಂತದ ಯಂತ್ರ, ಆದ್ದರಿಂದ ಪೊರೆಯಲ್ಲಿ ಕೂತ ಕಬ್ಬಿಣ ಚಿತ್ರದಲ್ಲಿ ಕಪ್ಪು ಕಲೆಗಳಾಗಿ ಎದ್ದು ಕಾಣುತ್ತದೆ. ಕೊನೆಯ ತೀರ್ಪು ಮಾತ್ರ ಬಯಾಪ್ಸಿಯದು. "ಬಯಾಪ್ಸಿ ಅಂದ್ರೆ ಕ್ಯಾನ್ಸರ್ರೇ" ಎಂದು ಅರ್ಧದಲ್ಲಿ ಎದ್ದು ಬರುವವರಿದ್ದಾರೆ. ಕ್ಯಾನ್ಸರ್ ಅಲ್ಲ, ಕ್ಷಯವೂ ಅಲ್ಲ ಎಂದು ಗಟ್ಟಿಯಾಗಿ ಹೇಳುವ ಕಾಗದವೂ ಅದೇ ಎಂಬುದನ್ನು ಮರೆಯುತ್ತಾರೆ.

ಚಿಕಿತ್ಸೆ ಎಂದರೆ ಕೆಟ್ಟ ಪೊರೆಯನ್ನು ತೆಗೆದುಹಾಕುವುದು. ಒಂದೇ ಗಂಟಿದ್ದರೆ ಸಣ್ಣ ರಂಧ್ರದಿಂದ ದುರ್ಬೀನು ತೂರಿಸಿ ಮಾಡುವ ಆರ್ಥ್ರೋಸ್ಕೋಪಿಯಲ್ಲೇ ಮುಗಿಯುತ್ತದೆ, ಮರಳಿ ಬರುವುದೂ ಕಡಿಮೆ. ಮಂಡಿಯ ಮುಂದೆ ಹಿಂದೆಲ್ಲ ಹರಡಿದ್ದರೆ ಕಥೆ ಬೇರೆ. ಹಿಂಭಾಗದಲ್ಲಿ ಕಾಲಿನ ದೊಡ್ಡ ರಕ್ತನಾಳ ಹಾದುಹೋಗುವುದರಿಂದ ಅಲ್ಲಿ ಕೈ ಹಾಕಲು ನುರಿತ ಸರ್ಜನ್ನರೇ ಬೇಕು, ಕೆಲವೊಮ್ಮೆ ತೆರೆದೇ ಆಪರೇಷನ್ ಮಾಡಬೇಕು. ಅಷ್ಟು ಮಾಡಿದರೂ ಹರಡಿದ ಬಗೆ ಅರ್ಧದಷ್ಟು ಜನರಲ್ಲಿ ಮರುಕಳಿಸಿದ ವರದಿಗಳಿವೆ. ಅಂಥವರಿಗೆ ವಿಕಿರಣ ಕೊಡುವುದುಂಟು, ಎಳೆಯ ವಯಸ್ಸಿನವರಿಗೆ ಕೊಡಲು ವೈದ್ಯರು ಹಿಂದೆಮುಂದೆ ನೋಡುತ್ತಾರೆ. ಕೀಲಿನ ಮೃದ್ವಸ್ಥಿ ಪೂರ್ತಿ ಸವೆದಿದ್ದರೆ ಕೀಲು ಬದಲಿಸುವುದೊಂದೇ ದಾರಿ. ಮೂವತ್ತೈದರವನಿಗೆ ಅದು ಬರಬಾರದ ದಾರಿ.

ಆ ಸಿ.ಎಸ್.ಎಫ್.-೧ರ ಕೂಗನ್ನೇ ತಡೆಯುವ ಮಾತ್ರೆಗಳೂ ಬಂದಿವೆ. ಪೆಕ್ಸಿಡಾರ್ಟಿನಿಬ್ ಎಂಬುದಕ್ಕೆ ೨೦೧೯ರ ಆಗಸ್ಟಿನಲ್ಲಿ ಅಮೆರಿಕ ಒಪ್ಪಿಗೆ ಕೊಟ್ಟಿತು. ಪಿತ್ತಜನಕಾಂಗಕ್ಕೆ ಗಂಭೀರ ಹಾನಿ ಮಾಡಬಹುದೆಂಬ ಎಚ್ಚರಿಕೆಯೊಡನೆ. ಮರುವರ್ಷ ಯುರೋಪಿನ ಔಷಧ ಸಂಸ್ಥೆ ಅದನ್ನು ನಿರಾಕರಿಸಿತು. ೨೦೨೫ರ ಫೆಬ್ರವರಿಯಲ್ಲಿ ವಿಮ್‌ಸೆಲ್ಟಿನಿಬ್ ಎಂಬ ಇನ್ನೊಂದಕ್ಕೆ ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿತು. ಇವು ಕತ್ತಿಯಿಂದ ಆಗದವರಿಗೆ. ನಮ್ಮ ಕಾರ್ಮಿಕನಿಗೆ ಹೊತ್ತಿಗೆ ಸರಿಯಾಗಿ ಆಪರೇಷನ್ ಆದರೆ ಮಾತ್ರೆಯ ಮಾತೇ ಬರಲಿಕ್ಕಿಲ್ಲ.

ಇನ್ನು ದುಡ್ಡಿನ ವಿಚಾರ. ಎಂ.ಆರ್.ಐ., ಆಪರೇಷನ್ ಎಂದ ಕೂಡಲೇ ಬಹಳ ಮಂದಿ "ಮುಂದಿನ ಬೋನಸ್ ಬರಲಿ ಬಿಡಿ" ಎಂದು ಮುಂದೂಡುತ್ತಾರೆ. ಸಂಬಳದಲ್ಲಿ ಇ.ಎಸ್.ಐ. ಕಡಿತವಾಗುತ್ತಿರುವವರು ಹೀಗೆ ಮಾಡುವುದು ತಮ್ಮ ದುಡ್ಡನ್ನು ತಾವೇ ಬಿಟ್ಟಂತೆ. ಪೀಣ್ಯದಲ್ಲಿ ಇ.ಎಸ್.ಐ. ಆಸ್ಪತ್ರೆ ಇದೆ, ರಾಜಾಜಿನಗರದಲ್ಲಿ ವೈದ್ಯಕೀಯ ಕಾಲೇಜೇ ಇರುವ ದೊಡ್ಡ ಆಸ್ಪತ್ರೆ ಇದೆ. ಡಿಸ್ಪೆನ್ಸರಿಯಿಂದ ಚೀಟಿ ಬರೆಸಿಕೊಂಡು ಮೂಳೆ ವಿಭಾಗಕ್ಕೆ ಹೋಗಬೇಕು. ಆರು ತಿಂಗಳ ಒಂದು ಅವಧಿಯಲ್ಲಿ ೭೮ ದಿನದ ವಂತಿಗೆ ಕಟ್ಟಿದ್ದರೆ, ಡಾಕ್ಟರ ಸರ್ಟಿಫಿಕೇಟಿನ ಮೇಲೆ ಕಾಯಿಲೆ ಭತ್ಯೆ ಸಿಗುತ್ತದೆ. ವೇತನದ ಶೇಕಡಾ ೭೦ರಂತೆ, ವರ್ಷಕ್ಕೆ ೯೧ ದಿನದವರೆಗೆ. ವೇತನ ಮಿತಿಯನ್ನು ೨೦೧೭ರ ಜನವರಿಯಿಂದ ತಿಂಗಳಿಗೆ ೨೧ ಸಾವಿರ ರೂಪಾಯಿಗೆ ಏರಿಸಲಾಯಿತು. ಇ.ಎಸ್.ಐ. ಇಲ್ಲದ ಅಂಗಡಿಯವರಿಗೆ ಜಯನಗರದ ಸರ್ಕಾರಿ ಸಂಜಯ್ ಗಾಂಧಿ ಮೂಳೆ ಆಸ್ಪತ್ರೆ ಇದೆ. ಇಲ್ಲಿಂದ ದೂರವೇ ಸರಿ, ಆದರೆ ಮೆಟ್ರೋ ಹತ್ತಿದರೆ ಅರ್ಧ ದಾರಿ ಮುಗಿದಂತೆ.

ಆಪರೇಷನ್ ಆದವರು ಎರಡು ಕೆಲಸ ತಪ್ಪಿಸಬಾರದು. ಮಂಡಿ ಬಿಗಿದುಕೊಳ್ಳದಂತೆ ಫಿಜಿಯೋಥೆರಪಿ, ನೋವಾದರೂ ಸರಿ. ಇನ್ನೊಂದು, ಊತವಿಲ್ಲದಿದ್ದರೂ ವೈದ್ಯರು ಹೇಳಿದ ಗಡುವಿಗೆ ಮರುಪರೀಕ್ಷೆ. ಇದು ವರ್ಷಗಳ ನಂತರವೂ ಮರಳಿದ ಉದಾಹರಣೆಗಳುಂಟು. ಹೋಗುವಾಗ ಹಳೆಯ ಎಂ.ಆರ್.ಐ. ಫಿಲಂ ಮತ್ತು ಬಯಾಪ್ಸಿ ಕಾಗದ ಕೈಲಿರಲಿ. ಮನೆ ಬದಲಾಯಿಸುವಾಗ ರದ್ದಿಗೆ ಹಾಕಿಬಿಟ್ಟರೆ, ಹೊಸ ಡಾಕ್ಟರು ಮೊದಲಿನಿಂದ ಶುರುಮಾಡಬೇಕಾಗುತ್ತದೆ.