‘ಸಂಸ್ಕಾರ’ದ ಚಂದ್ರಿಗೆ ತೆರೆಯದ ಕೋರ್ಟಿನ ಬಾಗಿಲು!

ನಮ್ಮ ಚಿತ್ರಗಳಲ್ಲಿ ಇನ್‌ಸ್ಪೆಕ್ಟರ್ ಕೋಳ ಹಾಕುವ ಹೊತ್ತಿಗೆ ಸರಿಯಾಗಿ ಲಾಯರೊಬ್ಬರು ಜಾಮೀನು ಕಾಗದ ಹಿಡಿದು ಓಡಿ ಬರುತ್ತಾರೆ. ಗಾಂಧಿ ಕ್ಲಾಸಿನಿಂದ ಸೀಟಿಯೋ ಸೀಟಿ! ಆದರೆ ಬೆಳ್ಳಿತೆರೆಯ ತಾರೆಯೊಬ್ಬರಿಗೆ ನಿಜಜೀವನದಲ್ಲಿ ಅಂಥ ಲಾಯರು ಬರಲಿಲ್ಲ. ಬಂದಿದ್ದರೂ ಏನೂ ಉಪಯೋಗವಿರಲಿಲ್ಲ, ಬಿಡಿ.

ಅವರೇ ಸ್ನೇಹಲತಾ ರೆಡ್ಡಿ. 1970ರ ‘ಸಂಸ್ಕಾರ’ದ ಚಂದ್ರಿ! ಅನಂತಮೂರ್ತಿಯವರ ಕಾದಂಬರಿ, ಪ್ರಾಣೇಶಾಚಾರ್ಯರಾಗಿ ಗಿರೀಶ್ ಕಾರ್ನಾಡ್, ನಿರ್ದೇಶನ ಪತಿ ಪಟ್ಟಾಭಿರಾಮ ರೆಡ್ಡಿ. ಸೆನ್ಸಾರ್‌ನವರು ಮೊದಲು ತಡೆಹಿಡಿದ ಈ ಚಿತ್ರವೇ ಕೊನೆಗೆ ಕನ್ನಡಕ್ಕೆ ಮೊಟ್ಟಮೊದಲ ಸ್ವರ್ಣಕಮಲ ತಂದಿತು. ಚಿತ್ರಕ್ಕೆ ನ್ಯಾಯ ಸಿಕ್ಕಿತು. ಚಂದ್ರಿಗೆ?

1975ರ ಜೂನ್‌ನಲ್ಲಿ ತುರ್ತುಪರಿಸ್ಥಿತಿ ಬಂತು. ಸ್ನೇಹಲತಾ ದಂಪತಿಗಳು ಜಾರ್ಜ್ ಫರ್ನಾಂಡಿಸ್ ಅವರ ಆಪ್ತರು. ಜಾರ್ಜ್ ಭೂಗತರಾಗಿದ್ದರು. ಪೊಲೀಸರಿಗೆ ಅವರು ಸಿಗಲಿಲ್ಲ, ಸುತ್ತಲಿನವರು ಸಿಕ್ಕರು. 1976ರ ಮೇ 1ರಂದು ಬೆಂಗಳೂರಿನಲ್ಲಿ ತಮ್ಮ ಲಾರೆನ್ಸ್ ಅವರನ್ನು ಎತ್ತಿಕೊಂಡು ಹೋಗಿ, ಅಣ್ಣ ಎಲ್ಲಿ ಹೇಳು ಎಂದು ಬಡಿದರು. ತಾಯಿ ಆಲಿಸ್ ರಾಷ್ಟ್ರಪತಿಗಳಿಗೇ ಪತ್ರ ಬರೆದರು. ಮರುದಿನ, ಮೇ 2ರಂದು, ಸ್ನೇಹಲತಾ ಬಂಧನ!

ಬರೋಡಾ ಡೈನಮೈಟ್ ಕೇಸಿನ ಸಂಚಿನಲ್ಲಿ ಪಾಲಿದೆ ಎಂದರು. ಚಾರ್ಜ್‌ಶೀಟ್ ಬಂದಾಗ ನೋಡಿದರೆ ಹೆಸರೇ ಇಲ್ಲ! ಹಾಗಾದ್ರೆ ಬಿಟ್ಟರೇ? ಎಲ್ಲಿಂದ ಬಿಡ್ತಾರೆ ಸ್ವಾಮಿ, ‘ಮೀಸಾ’ ಇತ್ತಲ್ಲ! ಆ ಕಾಯಿದೆಯಲ್ಲಿ ಯಾಕೆ ಹಿಡಿದೆವು ಎಂದು ಹೇಳುವ ಹಂಗೂ ಇರಲಿಲ್ಲ.

ಕೋರ್ಟಿಗೆ ಯಾಕೆ ಹೋಗಲಿಲ್ಲ ಎಂದು ನೀವು ಕೇಳಬಹುದು. ಕಥೆಯ ಗಂಟು ಇರುವುದೇ ಅಲ್ಲಿ. ಹಿಡಿದವರನ್ನು ತಂದು ನಿಲ್ಲಿಸಿ, ಕಾರಣ ಹೇಳಿ ಎಂದು ಸರ್ಕಾರವನ್ನು ಕೇಳುವ ಅರ್ಜಿಗೆ ಹೇಬಿಯಸ್ ಕಾರ್ಪಸ್ ಎಂದು ಹೆಸರು. ಬೆಂಗಳೂರಿನಲ್ಲೇ ಸೆರೆಸಿಕ್ಕ ವಾಜಪೇಯಿ, ಅಡ್ವಾಣಿ, ಮಧು ದಂಡವತೆ ಇಂಥ ಅರ್ಜಿ ಹಾಕಿದ್ದರು. ಇದನ್ನು ಕೇಳುವ ಅಧಿಕಾರ ನಮಗಿದೆ ಎಂದ ಹೈಕೋರ್ಟುಗಳಲ್ಲಿ ನಮ್ಮ ಕರ್ನಾಟಕದ್ದೂ ಒಂದು. ಆದರೆ 1976ರ ಏಪ್ರಿಲ್ 28ರಂದು ಸುಪ್ರೀಂ ಕೋರ್ಟು ಜಬಲ್ಪುರ ಕೇಸಿನಲ್ಲಿ, ತುರ್ತುಪರಿಸ್ಥಿತಿ ಇರುವವರೆಗೆ ಅಂಥ ಅರ್ಜಿ ನಡೆಯದು ಎಂದುಬಿಟ್ಟಿತು. ನಾಲ್ವರು ಒಂದು ಕಡೆ, ನ್ಯಾಯಮೂರ್ತಿ ಎಚ್.ಆರ್. ಖನ್ನಾ ಒಬ್ಬರೇ ಇನ್ನೊಂದು ಕಡೆ. ಸ್ನೇಹಲತಾ ಬಂಧನವಾದದ್ದು ಇದಾದ ನಾಲ್ಕೇ ದಿನಕ್ಕೆ!

ಶೆಟ್ಟಿಹಳ್ಳಿ, ಜಾಲಹಳ್ಳಿ ಕಡೆಯಿಂದ ಬಸ್ಸಿನಲ್ಲಿ ಮೆಜೆಸ್ಟಿಕ್‌ಗೆ ಬರುವ ಗೆಳೆಯರು ಶೇಷಾದ್ರಿ ರಸ್ತೆಯ ಫ್ರೀಡಂ ಪಾರ್ಕಿಗೆ ನಡೆದೇ ಹೋಗಬಹುದು. ಆಗಿನ ಸೆಂಟ್ರಲ್ ಜೈಲು ಅದೇ. ಎಂಟು ತಿಂಗಳಿಗೂ ಹೆಚ್ಚು ಕಾಲ ವಿಚಾರಣೆಯಿಲ್ಲದೆ ಅಲ್ಲಿದ್ದ ಸ್ನೇಹಲತಾ ಆಸ್ತಮಾ ರೋಗಿ. ಉಸಿರಿಗಾಗಿ ಒದ್ದಾಡುತ್ತಲೇ ದಿನಚರಿ ಬರೆದರು. ಅದು ಆಮೇಲೆ ಪುಸ್ತಕವಾಯಿತು. ಸ್ಥಿತಿ ಬಿಗಡಾಯಿಸಿದಾಗ, 1977ರ ಜನವರಿ 15ರಂದು ಪೆರೋಲ್ ಮೇಲೆ ಬಿಟ್ಟರು. 20ರಂದು ತೀರಿಕೊಂಡರು. ಐದೇ ದಿನ!

ಅದೇ ತಿಂಗಳು ಖನ್ನಾ ಅವರನ್ನು ದಾಟಿಸಿ ಅವರಿಗಿಂತ ಕಿರಿಯರನ್ನು ಮುಖ್ಯ ನ್ಯಾಯಮೂರ್ತಿ ಮಾಡಿದರು. ಅವರು ರಾಜೀನಾಮೆ ಬಿಸಾಕಿದರು. ನಾಯಕ ಅಂದ್ರೆ ಇವರಪ್ಪಾ!

1978ರ 44ನೇ ತಿದ್ದುಪಡಿಯಿಂದ, ಎಂಥ ತುರ್ತುಪರಿಸ್ಥಿತಿ ಬಂದರೂ 21ನೇ ವಿಧಿಯ ಜೀವದ ಹಕ್ಕನ್ನು ತಡೆಹಿಡಿಯುವಂತಿಲ್ಲ. ಜಬಲ್ಪುರ ತೀರ್ಪನ್ನೇ ತೊಡೆದುಹಾಕಿದ್ದು 2017ರ ಆಗಸ್ಟ್ 24ರಂದು. ಆ ಕೇಸಿನ ಅರ್ಜಿದಾರರು ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. ಹಳೆಯ ತೀರ್ಪು ತಪ್ಪೆಂದು ಬರೆದವರು ಡಿ.ವೈ. ಚಂದ್ರಚೂಡ್. ಹಳೆಯ ತೀರ್ಪಿನ ನಾಲ್ವರಲ್ಲಿ ಒಬ್ಬರು ಅವರ ತಂದೆ ವೈ.ವಿ. ಚಂದ್ರಚೂಡ್! ಯಾವ ಚಿತ್ರಕಥೆಗಾರನಿಗೆ ಇದು ಹೊಳೆದೀತು?

ಇವತ್ತು ಪೊಲೀಸರು ಸುಮ್ಮಸುಮ್ಮನೆ ಕಾಡುತ್ತಾರೆ ಎನ್ನುವವನಿಗೆ 226ನೇ ವಿಧಿಯಡಿ ಹೈಕೋರ್ಟಿನಲ್ಲಿ ರಿಟ್ ಇದೆ. ಜಾಮೀನಿಲ್ಲದ ಕೇಸಿನಲ್ಲಿ ಹಿಡಿದಾರೆಂಬ ಭಯವಿದ್ದರೆ ಸೆಷನ್ಸ್ ಕೋರ್ಟಿನಲ್ಲೋ ಹೈಕೋರ್ಟಿನಲ್ಲೋ ನಿರೀಕ್ಷಣಾ ಜಾಮೀನು ಕೇಳಬಹುದು. ಹಿಂದಿನ ಸೆಕ್ಷನ್ 438, 2024ರ ಜುಲೈ 1ರಿಂದ ಹೊಸ ಸಂಹಿತೆಯ 482. ಹಿಡಿದರೆ ಮನೆಯವರಿಗೆ ತಿಳಿಸಬೇಕು, ಪ್ರಯಾಣದ ವೇಳೆ ಬಿಟ್ಟು 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬೇಕು. ಗೂಂಡಾ ಕಾಯಿದೆಯಂಥ ಮುನ್ನೆಚ್ಚರಿಕೆಯ ಬಂಧನಕ್ಕೆ ಈ 24 ಗಂಟೆಯ ಲೆಕ್ಕವಿಲ್ಲ. ಆದರೆ ಅಲ್ಲೂ ಹೇಬಿಯಸ್ ಕಾರ್ಪಸ್ ಅರ್ಜಿ ಹಾಕಲು ಯಾರ ಅಡ್ಡಿಯೂ ಇಲ್ಲ.